ಹೆಸರಿನ ಮುಂದಿನ ಎರಡಕ್ಷರ: ಐದು ತಾಲ್ಲೂಕುಗಳ ಮನೆತನದ ಹೆಸರುಗಳ ಬಗೆಗಿನ ತಪ್ಪು ಕಲ್ಪನೆ ಮತ್ತು ಸತ್ಯ

ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ ಮತ್ತು ಹರಪನಹಳ್ಳಿ ಈಗ ವಿಜಯನಗರ ಜಿಲ್ಲೆಗೆ ಸೇರಿರುವ ತಾಲ್ಲೂಕುಗಳು. ಈ ಸೀಮೆಯಲ್ಲಿ ಹೊಸಬರ ಪರಿಚಯವಾದಾಗ ಊರು ಯಾವುದೆಂದು ಕೇಳಿದ ಮೇಲೆ ಬರುವ ಪ್ರಶ್ನೆ ‘ಯಾರ ಪೈಕಿ?’ ಎಂಬುದು. ಅದಕ್ಕೆ ಉತ್ತರವಾಗಿ ದೊರೆಯುವ ಅಂಗಡಿ, ಪಾಟೀಲ, ಬಡಿಗೇರ, ನಾಯಕ, ಹಿರೇಮಠ ಮುಂತಾದ ಮನೆತನದ ಹೆಸರಿನಿಂದ, ಅಂದರೆ ಆಡುಮಾತಿನಲ್ಲಿ ಅಡ್ಡಹೆಸರು ಎನಿಸಿಕೊಳ್ಳುವುದರಿಂದ, ಎದುರಿನವರ ಜಾತಿ, ಕಸುಬು, ನಂಟಸ್ತಿಕೆ ಎಲ್ಲವೂ ತಿಳಿದಂತಾಯಿತೆಂದು ಕೇಳಿದವರು ಭಾವಿಸುತ್ತಾರೆ. ಆದರೆ ಅಂತಹ ಹೆಸರು ನಿಜವಾಗಿ ದಾಖಲಿಸುವುದು ತೀರ ಸೀಮಿತವಾದ ಸಂಗತಿಯನ್ನು: ಯಾವುದೋ ಒಂದು ಕಾಲದಲ್ಲಿ ಆ ಮನೆಯ ಹಿರಿಯರು ಯಾವ ಹುದ್ದೆಯಲ್ಲಿದ್ದರು, ಏನು ಮಾರುತ್ತಿದ್ದರು ಅಥವಾ ಯಾವ ಊರಿನಿಂದ ಬಂದು ನೆಲೆಸಿದರು ಎಂಬುದನ್ನು, ಅದೂ ಆ ಕಾಲದ ಸರ್ಕಾರಿ ಗುಮಾಸ್ತರು ಬರೆದುಕೊಂಡ ಕ್ರಮದಲ್ಲಿ. ಇದಕ್ಕಿಂತ ಹೆಚ್ಚಿನದನ್ನು ಹೆಸರಿನಿಂದ ಓದಲು ಹೊರಟಾಗ ತಪ್ಪು ಕಲ್ಪನೆಗಳು ಹುಟ್ಟುತ್ತವೆ, ಮತ್ತು ಅವುಗಳಲ್ಲಿ ಕೆಲವು ಮನುಷ್ಯರಿಗೆ ನೋವನ್ನೂ ಉಂಟುಮಾಡುತ್ತವೆ.

‘ಈ ಕಡೆಯವರಿಗೆ ಅಡ್ಡಹೆಸರಿಲ್ಲ, ಇನಿಷಿಯಲ್ ಅಷ್ಟೇ’

ಧಾರವಾಡ, ಗದಗ, ಹಾವೇರಿ ಭಾಗದವರಲ್ಲಿ ಬಹಳ ಕಾಲದಿಂದ ಬೇರೂರಿರುವ ನಂಬಿಕೆ ಇದು. ತುಂಗಭದ್ರೆಯ ಆಚೆ ದಡದಲ್ಲಿ ಮೊದಲು ಸ್ವಂತ ಹೆಸರು, ನಡುವೆ ತಂದೆಯ ಹೆಸರು, ಕೊನೆಗೆ ಅಡ್ಡಹೆಸರು ಬರುವುದರಿಂದ, ಈಚೆ ದಡದ ಹೆಸರುಗಳ ಕೊನೆಯಲ್ಲಿ ಏನೂ ಕಾಣದಾದಾಗ ಅಡ್ಡಹೆಸರೇ ಇಲ್ಲವೆಂದು ತೋರುವುದು ಸಹಜ. ಈ ವ್ಯತ್ಯಾಸ ಹುಟ್ಟಿದ್ದು ಸಂಸ್ಕೃತಿಯ ಭೇದದಿಂದಲ್ಲ, ಆಡಳಿತದ ಭೇದದಿಂದ. 1800ರಲ್ಲಿ ಹೈದರಾಬಾದಿನ ನಿಜಾಮನು ಬಳ್ಳಾರಿ ಸೀಮೆಯನ್ನು ಈಸ್ಟ್ ಇಂಡಿಯಾ ಕಂಪನಿಗೆ ಬಿಟ್ಟುಕೊಟ್ಟನು. ಹೀಗೆ ಬಿಟ್ಟುಕೊಟ್ಟ ಪ್ರದೇಶಗಳನ್ನು ಒಟ್ಟಾಗಿ ದತ್ತ ಮಂಡಲ ಎಂದು ಕರೆಯಲಾಯಿತು. 1807ರವರೆಗೆ ಅಲ್ಲಿ ಪ್ರಧಾನ ಕಲೆಕ್ಟರನಾಗಿದ್ದ ಥಾಮಸ್ ಮನ್ರೋ ರೈತವಾರಿ ಪದ್ಧತಿಯನ್ನು, ಅಂದರೆ ಸರ್ಕಾರವು ಮಧ್ಯವರ್ತಿಗಳಿಲ್ಲದೆ ಪ್ರತಿಯೊಬ್ಬ ರೈತನಿಂದ ನೇರವಾಗಿ ಕಂದಾಯ ಪಡೆಯುವ ಕ್ರಮವನ್ನು, ನೆಲೆಗೊಳಿಸಿದನು. ರೈತನೊಬ್ಬನ ಹೆಸರು ಸರ್ಕಾರಿ ಕಡತದಲ್ಲಿ ಸ್ಪಷ್ಟವಾಗಿ ನಮೂದಾಗುವ ಅಗತ್ಯ ಇದರಿಂದ ಹೆಚ್ಚಿತು. ಮುಂದೆ 1953ರ ಅಕ್ಟೋಬರ್ 1ರಂದು ಮೈಸೂರು ರಾಜ್ಯಕ್ಕೆ ಸೇರುವವರೆಗೂ ಈ ತಾಲ್ಲೂಕುಗಳು ಮದರಾಸಿನ ಆಡಳಿತದಲ್ಲೇ ಇದ್ದವು. ಮನೆಹೆಸರನ್ನು ಮೊದಲು ಬರೆಯುವ ತೆಲುಗು ರೂಢಿ ಮತ್ತು ಅದನ್ನು ಒಂದೆರಡು ಅಕ್ಷರಕ್ಕೆ ಇಳಿಸುವ ಮದರಾಸು ಕಚೇರಿಗಳ ರೂಢಿ ಇಲ್ಲಿ ನಿಂತವು. ಮುಂಬಯಿ ಪ್ರಾಂತ್ಯಕ್ಕೆ ಸೇರಿದ್ದ ಹೊಳೆಯಾಚೆಯ ಊರುಗಳಲ್ಲಿ ಅದೇ ಮನೆಹೆಸರು ಕೊನೆಗೆ ಹೋಯಿತು. ಹೊಳೆಯ ಎರಡೂ ದಡಗಳ ನಡುವೆ ಹೆಣ್ಣು ಕೊಟ್ಟು ತರುವ ಸಂಬಂಧ ಎಂದೂ ನಿಂತಿಲ್ಲವಾದ್ದರಿಂದ, ಒಂದೇ ಬಳಗದಲ್ಲಿ ಒಬ್ಬರ ಅಡ್ಡಹೆಸರು ಹೆಸರಿನ ತುದಿಯಲ್ಲಿ ಪೂರ್ತಿಯಾಗಿಯೂ ಇನ್ನೊಬ್ಬರದು ಮೊದಲಲ್ಲಿ ಚುಕ್ಕೆಯಿಟ್ಟ ಅಕ್ಷರವಾಗಿಯೂ ಉಳಿದಿರುವುದು ಉಂಟು.

ಹಡಗಲಿಯ ರಾಜಕಾರಣಿ, ರಂಗಭೂಮಿಯ ಸಂಘಟಕ, 2005ರಲ್ಲಿ ಉಪಮುಖ್ಯಮಂತ್ರಿಯಾದ ಎಂ.ಪಿ. ಪ್ರಕಾಶ್ ಅವರ ಹೆಸರು ಇದಕ್ಕೆ ಒಳ್ಳೆಯ ನಿದರ್ಶನ. ಅದರಲ್ಲಿನ ಎರಡಕ್ಷರಗಳು ತಂದೆಯನ್ನಾಗಲಿ ಊರನ್ನಾಗಲಿ ಸೂಚಿಸುವುದಿಲ್ಲ. ಅವು ‘ಮಠದ ಪಾಟೀಲ’ ಎಂಬ ಮನೆತನದ ಹೆಸರಿನ ಸಂಕ್ಷೇಪ. ಇನಿಷಿಯಲ್ ಎಂದರೆ ತಂದೆಯ ಹೆಸರು ಎಂಬ ಮಾತು ನಿಜವಾಗಿದ್ದರೆ ಅವರ ಮಕ್ಕಳ ಹೆಸರಿನ ಮುಂದೆ ‘ಪಿ’ ಎಂಬ ಒಂದಕ್ಷರ ಬರಬೇಕಿತ್ತು. ಆದರೆ 2013ರಲ್ಲಿ ಹರಪನಹಳ್ಳಿಯಿಂದ ಶಾಸಕರಾದ ಮಗ ಎಂ.ಪಿ. ರವೀಂದ್ರ, 2023ರಲ್ಲಿ ಅದೇ ಕ್ಷೇತ್ರದಿಂದ ಪಕ್ಷೇತರರಾಗಿ ಗೆದ್ದ ಮಗಳು ಎಂ.ಪಿ. ಲತಾ ಇಬ್ಬರೂ ತಂದೆಯ ಎರಡಕ್ಷರಗಳನ್ನೇ ಹೊತ್ತವರು. ತಲೆಮಾರಿನಿಂದ ತಲೆಮಾರಿಗೆ ಬದಲಾಗದೆ ಇಳಿದುಬರುವ ಹೆಸರನ್ನೇ ಜಗತ್ತಿನಾದ್ಯಂತ ಮನೆತನದ ಹೆಸರು ಎನ್ನುವುದಾದರೆ ಇವು ಪೂರ್ಣಾರ್ಥದಲ್ಲಿ ಅಂತಹವೇ. ಕಾದಂಬರಿಕಾರ ಕುಂ. ವೀರಭದ್ರಪ್ಪನವರ ‘ಕುಂ’ ಸಹ ‘ಕುಂಬಾರ’ ಎಂಬುದರ ಮೊಟಕು ರೂಪ. ಅವರು ಕೊಟ್ಟೂರಿನಲ್ಲಿ ಹುಟ್ಟಿದ್ದು 1953ರ ಅಕ್ಟೋಬರ್ 1ರಂದು, ಅಂದರೆ ಬಳ್ಳಾರಿ ಮದರಾಸನ್ನು ತೊರೆದ ದಿನವೇ. ಆಡಳಿತ ಬದಲಾದರೂ ಹೆಸರು ಬರೆಯುವ ಕ್ರಮ ಬದಲಾಗಲಿಲ್ಲ ಎನ್ನಲು ಇದಕ್ಕಿಂತ ಸ್ಪಷ್ಟವಾದ ಉದಾಹರಣೆ ಬೇಕಿಲ್ಲ.

ಹಾಗೆಂದು ಎಲ್ಲ ಇನಿಷಿಯಲ್‌ಗಳೂ ಮನೆತನದ್ದಲ್ಲ. ತಂದೆಯ ಹೆಸರಿನ ಮೊದಲಕ್ಷರ, ಊರಿನ ಮೊದಲಕ್ಷರ, ಇವೆರಡರ ಜೋಡಿ ಎಲ್ಲವೂ ಬಳಕೆಯಲ್ಲಿವೆ. ಒಬ್ಬನೇ ವ್ಯಕ್ತಿ ಪಹಣಿಯಲ್ಲಿ ‘ಬಸಪ್ಪ ತಂದೆ ಕೊಟ್ರಪ್ಪ’, ಶಾಲೆಯ ವರ್ಗಾವಣೆ ಪತ್ರದಲ್ಲಿ ‘ಎ. ಬಸಪ್ಪ’, ಆಧಾರ್‌ನಲ್ಲಿ ‘ಅಂಗಡಿ ಬಸಪ್ಪ’ ಎಂದಿದ್ದರೆ ಅದರಲ್ಲಿ ಸುಳ್ಳು ಯಾವುದೂ ಇಲ್ಲ, ಮೂರು ಕಚೇರಿಗಳ ಮೂರು ರೂಢಿಗಳಿವೆ ಅಷ್ಟೆ. ಕಂಪ್ಯೂಟರಿನಲ್ಲಿ ಮೂರೂ ತಾಳೆಯಾಗಬೇಕೆಂದು ಅಪೇಕ್ಷಿಸುವ ಇಂದಿನ ವ್ಯವಸ್ಥೆಯಲ್ಲಿ ಇಂಥವರನ್ನು ವಂಚಕರಂತೆ ಕಾಣುವುದು ಅನ್ಯಾಯ.

‘ಅಡ್ಡಹೆಸರು ಕೇಳಿದರೆ ಜಾತಿ ತಿಳಿಯುತ್ತದೆ’

ಅತ್ಯಂತ ವ್ಯಾಪಕವೂ ಅತ್ಯಂತ ಹಾನಿಕರವೂ ಆದ ಕಲ್ಪನೆ ಇದು. ಇದನ್ನು ಅಲ್ಲಗಳೆಯಲು ‘ನಾಯಕ’ ಎಂಬ ಒಂದೇ ಹೆಸರು ಸಾಕು. ವಿಜಯನಗರದ ಅರಸರು ದಂಡನ್ನು ಒದಗಿಸುವ ಹೊಣೆಯೊಂದಿಗೆ ಭೂಪ್ರದೇಶವನ್ನು ವಹಿಸಿಕೊಡುತ್ತಿದ್ದ ಅಧಿಕಾರಿಗಳನ್ನು ಅಮರನಾಯಕರು ಎನ್ನುತ್ತಿದ್ದರು. ಸಾಮ್ರಾಜ್ಯ ಕುಸಿದ ಮೇಲೆ ಹರಪನಹಳ್ಳಿ, ಗುಡೇಕೋಟೆ, ಜರಿಮಲೆಗಳಲ್ಲಿ ಆಳಿದ ಪಾಳೆಯಗಾರರು, ಅಂದರೆ ಸ್ವಂತ ಕೋಟೆ ಮತ್ತು ಪಡೆ ಹೊಂದಿದ್ದ ಸ್ಥಳೀಯ ಒಡೆಯರು, ಅದೇ ಬಿರುದನ್ನು ಧರಿಸಿದರು. ಹರಪನಹಳ್ಳಿಯ ಸೋಮಶೇಖರ ನಾಯಕನ ಹೆಸರು ಈ ಸೀಮೆಯಲ್ಲಿ ಇಂದಿಗೂ ಜನಜನಿತ. ಇವರು ಬೇಡ ಅಥವಾ ವಾಲ್ಮೀಕಿ ಸಮುದಾಯದವರಾದ್ದರಿಂದ ಇಲ್ಲಿ ‘ನಾಯಕ’ ಎಂದೊಡನೆ ಆ ಸಮುದಾಯವೇ ನೆನಪಿಗೆ ಬರುತ್ತದೆ. ಆದರೆ ಅದೇ ವಿಜಯನಗರದ ಅಧೀನದಲ್ಲಿದ್ದು ಬೆಳೆದ ಕೆಳದಿಯ ನಾಯಕರು ವೀರಶೈವರು. ಕರಾವಳಿಯಲ್ಲಿ ಇದೇ ಹೆಸರು ಕೊಂಕಣಿ ಮಾತನಾಡುವ ಬ್ರಾಹ್ಮಣ ಕುಟುಂಬಗಳಲ್ಲಿಯೂ ಇತರ ಸಮುದಾಯಗಳಲ್ಲಿಯೂ ಇದೆ. ಈ ಐದು ತಾಲ್ಲೂಕುಗಳಲ್ಲೇ ಇನ್ನೊಂದು ದೊಡ್ಡ ಸಮುದಾಯ ಈ ಹೆಸರನ್ನು ‘ನಾಯ್ಕ’ ಎಂದು ಇಟ್ಟುಕೊಂಡಿದೆ. ಲಂಬಾಣಿ ತಾಂಡಾಗಳಲ್ಲಿ, ಅಂದರೆ ಅವರ ಪ್ರತ್ಯೇಕ ವಸತಿಗಳಲ್ಲಿ, ನ್ಯಾಯ ಮತ್ತು ವಿಧಿವಿಧಾನಗಳನ್ನು ನಡೆಸುವ ಮುಖ್ಯಸ್ಥನಿಗೆ ನಾಯಕನೆಂದೂ ಅವನ ಸಹಾಯಕರಿಗೆ ಡಾವ್, ಕಾರಭಾರಿ ಎಂದೂ ಹೆಸರು. ಮುಖ್ಯಸ್ಥನ ಪದವಿ ಕ್ರಮೇಣ ಗಂಡಸರೆಲ್ಲರ ಹೆಸರಿನ ಕೊನೆಗೆ ಸೇರಿತು. ವಿಜಯಪುರ, ಕಲಬುರಗಿ ಕಡೆಯ ಲಂಬಾಣಿಗರು ರಾಠೋಡ, ಪವಾರ, ಚವ್ಹಾಣ ಎಂಬ ಕುಲನಾಮಗಳನ್ನು ಬರೆದುಕೊಂಡರೆ ಇಲ್ಲಿ ಬಹುಪಾಲು ಜನ ನಾಯ್ಕ ಎಂದೇ ಬರೆಸಿದ್ದಾರೆ.

ನಾಯಕ, ನಾಯ್ಕ ಎಂಬ ಈ ಭೇದ ಉಚ್ಚಾರಣೆಯಲ್ಲೇ ಮುಗಿಯುವುದಿಲ್ಲ. ವಾಲ್ಮೀಕಿ ನಾಯಕರು 1991ರ ಕಾನೂನಿನ ಮೂಲಕ ಸ್ಪಷ್ಟವಾಗಿ ಪರಿಶಿಷ್ಟ ಪಂಗಡದ ಪಟ್ಟಿಯಲ್ಲಿ ಸೇರಿದವರು. ಲಂಬಾಣಿಗರು ಪರಿಶಿಷ್ಟ ಜಾತಿಯ ಪಟ್ಟಿಯಲ್ಲಿರುವವರು. 2008ರ ಚುನಾವಣೆಯಿಂದ ಜಾರಿಗೆ ಬಂದ ಕ್ಷೇತ್ರ ವಿಂಗಡಣೆಯಲ್ಲಿ ಕೂಡ್ಲಿಗಿ ಪರಿಶಿಷ್ಟ ಪಂಗಡಕ್ಕೂ ಹಡಗಲಿ ಮತ್ತು ಹಗರಿಬೊಮ್ಮನಹಳ್ಳಿ ಪರಿಶಿಷ್ಟ ಜಾತಿಗೂ ಮೀಸಲಾದವು. ಹಡಗಲಿಯಿಂದ ಗೆದ್ದ ಪಿ.ಟಿ. ಪರಮೇಶ್ವರ ನಾಯ್ಕ, ಹಗರಿಬೊಮ್ಮನಹಳ್ಳಿಯಿಂದ ಗೆದ್ದ ಎಸ್. ಭೀಮಾ ನಾಯ್ಕ ಅವರ ಹೆಸರುಗಳನ್ನು ದೂರದ ಓದುಗರು ಪಾಳೆಯಗಾರರ ವಂಶದೊಂದಿಗೆ ಜೋಡಿಸಿದರೆ ಆಗುವ ಪ್ರಮಾದವನ್ನು ಊಹಿಸಬಹುದು. ‘ತಳವಾರ’ ಎಂಬ ಹೆಸರೂ ಇಂಥದೇ: ಅದು ಮೂಲತಃ ಊರ ಕಾವಲುಗಾರನ ಕೆಲಸದ ಹೆಸರು, ಆ ಕೆಲಸವನ್ನು ಬೇರೆ ಬೇರೆ ಊರುಗಳಲ್ಲಿ ಬೇರೆ ಬೇರೆ ಸಮುದಾಯಗಳವರು ಮಾಡಿದ್ದಾರೆ. 2020ರಲ್ಲಿ ಪರಿವಾರ ಮತ್ತು ತಳವಾರ ಸಮುದಾಯಗಳು ಕರ್ನಾಟಕದ ಪರಿಶಿಷ್ಟ ಪಂಗಡಗಳ ಪಟ್ಟಿಗೆ ಸೇರಿದ ಮೇಲೆ, ಹೆಸರು ತಳವಾರ ಎಂದಿರುವುದಕ್ಕೂ ಆ ಸಮುದಾಯದವರಾಗಿರುವುದಕ್ಕೂ ಇರುವ ಅಂತರ ವಿವಾದಕ್ಕೆ ಎಡೆಮಾಡಿತು. ‘ಪಾಟೀಲ’ ಮರಾಠರ ಹೆಸರು ಎನ್ನುವವರೂ ಇದ್ದಾರೆ. ಗ್ರಾಮದ ಮುಖ್ಯಸ್ಥನ ಹುದ್ದೆಯನ್ನು ಸೂಚಿಸುವ ಈ ಹೆಸರು ಲಿಂಗಾಯತ, ಮುಸ್ಲಿಂ, ಜೈನ, ಬ್ರಾಹ್ಮಣ ಮನೆತನಗಳಲ್ಲಿಯೂ ಇದೆ. ಜಾತಿ ಪ್ರಮಾಣಪತ್ರ ನೀಡುವ ತಹಶೀಲ್ದಾರರು ಕುಟುಂಬದ ದಾಖಲೆಗಳನ್ನೂ ಸ್ಥಳದ ವಿಚಾರಣೆಯನ್ನೂ ಆಧರಿಸಬೇಕಾಗಿರುವುದು, ಹೆಸರಿನ ಕೊನೆಯ ಪದವನ್ನಲ್ಲ.

‘ಒಂದೇ ಅಡ್ಡಹೆಸರಿನವರು ಒಂದೇ ರಕ್ತದವರು, ಒಂದೇ ಕಸುಬಿನವರು’

ಕಸುಬಿನ ಹೆಸರು ಪ್ರತಿ ಊರಿನಲ್ಲಿಯೂ ಸ್ವತಂತ್ರವಾಗಿ ಹುಟ್ಟುತ್ತದೆ ಎಂಬ ಸರಳ ಸಂಗತಿಯನ್ನು ಮರೆತಾಗ ಈ ಭ್ರಮೆ ಮೂಡುತ್ತದೆ. ಇಟಲಿಯ ಫೆರಾರಿ ಎಂಬ ಮನೆತನದ ಹೆಸರು ಇದನ್ನು ಚೆನ್ನಾಗಿ ತೋರಿಸುತ್ತದೆ. ಕಬ್ಬಿಣದ ಕೆಲಸದವನನ್ನು ಸೂಚಿಸುವ ಲ್ಯಾಟಿನ್ ಪದದಿಂದ ಬಂದ ಅದು ಅಲ್ಲಿನ ಅತಿ ಸಾಮಾನ್ಯ ಹೆಸರುಗಳಲ್ಲಿ ಒಂದು. ಪ್ರತಿ ಊರಿಗೂ ಒಂದು ಕುಲುಮೆ ಬೇಕಿದ್ದುದರಿಂದ ಸಂಬಂಧವಿಲ್ಲದ ಅಸಂಖ್ಯ ಮನೆಗಳಿಗೆ ಅದೇ ಹೆಸರು ಅಂಟಿತು, ಮತ್ತು ಟ್ರೆಂಟ್ ನಗರದಲ್ಲಿ ಸೇರಿದ್ದ ಕ್ಯಾಥೊಲಿಕ್ ಧರ್ಮಸಭೆಯು 1563ರಲ್ಲಿ ಪ್ರತಿ ಚರ್ಚಿನಲ್ಲಿ ಮದುವೆಯ ದಾಖಲೆ ಪುಸ್ತಕ ಇಡಬೇಕೆಂದು ವಿಧಿಸಿದ ಮೇಲೆ ಇಂತಹ ಹೆಸರುಗಳು ಕಾಗದದ ಮೇಲೆ ಗಟ್ಟಿಯಾದವು. 1898ರಲ್ಲಿ ಮೊಡೆನಾದಲ್ಲಿ ಹುಟ್ಟಿದ ಎಂಜೊ ಫೆರಾರಿ ಕಟ್ಟಿದ ಕಾರು ಕಂಪನಿಯಿಂದ ಆ ಹೆಸರು ಲೋಕಪ್ರಸಿದ್ಧವಾಯಿತೇ ಹೊರತು ಉಳಿದ ಫೆರಾರಿಗಳು ಅವನ ದಾಯಾದಿಗಳಾಗಲಿಲ್ಲ. ಹರಪನಹಳ್ಳಿಯ ಕಮ್ಮಾರರಿಗೂ ಕೂಡ್ಲಿಗಿಯ ಕಮ್ಮಾರರಿಗೂ ಅನ್ವಯಿಸುವ ನ್ಯಾಯ ಇದೇ.

ಹುದ್ದೆಯ ಹೆಸರು ಹುದ್ದೆ ಹೋದ ಮೇಲೂ ಉಳಿಯುತ್ತದೆ. 1913ರಲ್ಲಿ ಹರಪನಹಳ್ಳಿಯಲ್ಲಿ ಹುಟ್ಟಿದ ಹಾಸ್ಯಸಾಹಿತಿ ಬೀchiಯವರ, ಅಂದರೆ ರಾಯಸಂ ಭೀಮಸೇನರಾಯರ ಮನೆಹೆಸರು ಅರಸರ ಓಲೆಗಳನ್ನು ಬರೆಯುವ ರಾಯಸದ ಅಧಿಕಾರಿಗಳನ್ನು ನೆನಪಿಸುತ್ತದೆ. ಕೃಷ್ಣದೇವರಾಯನ ಆಸ್ಥಾನದ ರಾಯಸಂ ಕೊಂಡಮರಸನ ಹೆಸರಿನಲ್ಲಿ ಇರುವುದೂ ಅದೇ ಪದವಿ. ಆದರೆ ಹೆಸರಿನ ಸಾಮ್ಯದಿಂದ ವಂಶವೃಕ್ಷ ಬರೆಯಲಾಗದು. ಊರಿನ ಹೆಸರೂ ಹೀಗೆಯೇ ಹಿಂದೆ ಉಳಿದುಬಿಡುತ್ತದೆ: ನಾಟಕಕಾರ ಮುದೇನೂರು ಸಂಗಣ್ಣನವರು ಹರಪನಹಳ್ಳಿ ತಾಲ್ಲೂಕಿನ ಚಿಗಟೇರಿಯವರು. ಒಂದೇ ಅಡ್ಡಹೆಸರಿನವರ ನಡುವೆ ಮದುವೆ ಕೂಡದೆಂಬ ಮಾತಿಗೂ ಇಲ್ಲಿನ ರೂಢಿಯಲ್ಲಿ ಆಧಾರವಿಲ್ಲ. ಹಿರಿಯರು ಮದುವೆಯ ಮಾತುಕತೆಯಲ್ಲಿ ಕೇಳುವುದು ಬೆಡಗನ್ನು, ಅಂದರೆ ಒಳಗೊಳಗೆ ಮದುವೆಯಾಗದ ಕುಲವಿಭಾಗವನ್ನು, ಮತ್ತು ಅದು ಹೆಸರಿನಲ್ಲಿ ಬರೆಯಲ್ಪಡುವುದೇ ಅಪರೂಪ.

‘ಒಂದೇ ಹೆಸರಿನ ಅಂಗಡಿಗಳಿಗೆ ಒಬ್ಬರೇ ಮಾಲೀಕರು’

ಕೊಟ್ಟೂರಿನ ಪೇಟೆಯಲ್ಲಿ ಅಂಗಡಿಯ ಬೋರ್ಡಿನ ನೆತ್ತಿಯ ಮೇಲೆ ಸಣ್ಣ ಅಕ್ಷರಗಳಲ್ಲಿ ‘ಶ್ರೀ ಗುರು ಕೊಟ್ಟೂರೇಶ್ವರ ಪ್ರಸನ್ನ’ ಎಂದಿರುತ್ತದೆ, ನಡುವೆ ದಪ್ಪ ಅಕ್ಷರಗಳಲ್ಲಿ ಅಂಗಡಿಯ ಹೆಸರು, ಕೆಳಮೂಲೆಯಲ್ಲಿ ‘ಪ್ರೊ:’ ಎಂಬುದರ ಮುಂದೆ ಇನಿಷಿಯಲ್ ಸಹಿತ ಮಾಲೀಕರ ಹೆಸರು. ನಡುವಿನ ಸಾಲಿನಲ್ಲಿಯೂ ಊರಿನ ಆರಾಧ್ಯ ಗುರು ಕೊಟ್ಟೂರೇಶ್ವರನೇ ಇರುವುದು ಸಾಮಾನ್ಯ. ಖಾನಾವಳಿ, ಕಿರಾಣಿ, ಬಟ್ಟೆ ಅಂಗಡಿ, ಮಿರ್ಚಿ-ಮಂಡಕ್ಕಿ ಅಂಗಡಿ ಎಲ್ಲವೂ ಆ ಹೆಸರಿನಲ್ಲಿ ನಡೆಯುತ್ತವೆ, ದಾವಣಗೆರೆ, ಬೆಂಗಳೂರುಗಳವರೆಗೂ. ಇವು ಒಂದೇ ಮನೆತನದ ಶಾಖೆಗಳಲ್ಲ. ಮಕ್ಕಳಿಗೆ ಕೊಟ್ರೇಶ, ಕೊಟ್ರಪ್ಪ, ಕೊಟ್ರಮ್ಮ ಎಂದು ಹೆಸರಿಡುವ ಭಕ್ತಿಯೇ ಅಂಗಡಿಗೂ ಹೆಸರಿಟ್ಟಿದೆ. ಇಂತಹ ಹೆಸರನ್ನು ಮೊದಲು ನೋಂದಾಯಿಸಿದವರು ಉಳಿದವರನ್ನೆಲ್ಲ ತಡೆಯಬಹುದೆಂಬ ಭಯವೂ ಅತಿಶಯದ್ದು. 1999ರ ಟ್ರೇಡ್ ಮಾರ್ಕ್ ಕಾಯ್ದೆಯ 35ನೆಯ ಪ್ರಕರಣವು ತಮ್ಮದೇ ಹೆಸರನ್ನು ಪ್ರಾಮಾಣಿಕವಾಗಿ ವ್ಯಾಪಾರಕ್ಕೆ ಬಳಸುವವರಿಗೆ ರಕ್ಷಣೆ ನೀಡುತ್ತದೆ; ಊದುಬತ್ತಿಗೆ ‘ರಾಮಾಯಣ’ ಎಂಬ ಹೆಸರನ್ನು ಒಬ್ಬರೇ ತಮ್ಮದಾಗಿಸಿಕೊಳ್ಳುವಂತಿಲ್ಲವೆಂದು ಸರ್ವೋಚ್ಚ ನ್ಯಾಯಾಲಯ 2015ರಲ್ಲಿ ತೀರ್ಮಾನಿಸಿದೆ.

‘ಹೆಸರು ತಂದೆಯಿಂದಲೇ ಬರಬೇಕು, ಮದುವೆಯಾದ ಮೇಲೆ ಗಂಡನದಾಗಬೇಕು’

ವಿವಾಹಿತೆ ಗಂಡನ ಮನೆತನದ ಹೆಸರನ್ನು ಇಟ್ಟುಕೊಳ್ಳಲೇಬೇಕೆಂದು ಹೇಳುವ ಕಾನೂನು ಭಾರತದಲ್ಲಿಲ್ಲ. ಹರಪನಹಳ್ಳಿಯ ಶಾಸಕಿ ತವರಿನ ಎಂ.ಪಿ. ಎಂಬ ಅಕ್ಷರಗಳಿಂದಲೂ ಲತಾ ಮಲ್ಲಿಕಾರ್ಜುನ್ ಎಂದೂ ಕರೆಯಲ್ಪಡುವುದು ಎರಡೂ ಸಾಧ್ಯವೆಂಬುದಕ್ಕೆ ಸಾಕ್ಷಿ. ತಂದೆಯ ಹೆಸರಿನ ವಿಷಯ ಇದಕ್ಕಿಂತ ಗಂಭೀರವಾದುದು. ದೇವದಾಸಿ ಪದ್ಧತಿ ಆಳವಾಗಿ ಬೇರುಬಿಟ್ಟಿದ್ದ ಸೀಮೆಗಳಲ್ಲಿ ಈ ತಾಲ್ಲೂಕುಗಳೂ ಸೇರಿವೆ. ಹೆಣ್ಣುಮಕ್ಕಳನ್ನು ದೇವರಿಗೆ ಬಿಡುವುದನ್ನು 1982ರ ರಾಜ್ಯ ಕಾಯ್ದೆ ನಿಷೇಧಿಸಿದರೂ, ಆಗಲೇ ಹುಟ್ಟಿದ್ದ ಮತ್ತು ಆಮೇಲೂ ಹುಟ್ಟಿದ ಮಕ್ಕಳು ಶಾಲೆಯ ದಾಖಲಾತಿಯಲ್ಲಿ ತಂದೆಯ ಹೆಸರಿನ ಅಂಕಣದೆದುರು ತಲೆತಗ್ಗಿಸಿ ನಿಲ್ಲಬೇಕಾಯಿತು. ತಾಯಿಯ ಹೆಸರಿನ ಮೊದಲಕ್ಷರವನ್ನು ಇನಿಷಿಯಲ್ ಆಗಿ ಇಟ್ಟುಕೊಂಡವರನ್ನು ಜನ ಕೀಳಾಗಿ ಕಂಡದ್ದು ಈ ಪ್ರದೇಶದ ಹೆಸರುಗಳ ಚರಿತ್ರೆಯಲ್ಲಿ ನಾಚಿಕೆಪಡಬೇಕಾದ ಭಾಗ, ಏಕೆಂದರೆ ಆ ಅಕ್ಷರದಲ್ಲಿ ದೋಷವೇನೂ ಇರಲಿಲ್ಲ. ಅವಿವಾಹಿತ ತಾಯಿಯು ತಂದೆಯ ಹೆಸರನ್ನು ತಿಳಿಸದೆಯೇ ಮಗುವಿನ ಪಾಲಕಳಾಗಬಹುದು, ಅವಳು ಶಪಥಪತ್ರ ಸಲ್ಲಿಸಿ ಕೇಳಿದರೆ ಮಗುವಿನ ಜನನ ಪತ್ರವನ್ನು ನೀಡಬೇಕು ಎಂದು ಸರ್ವೋಚ್ಚ ನ್ಯಾಯಾಲಯ 2015ರ ಜುಲೈನಲ್ಲಿ ಆದೇಶಿಸಿತು. ಆಂಧ್ರದ ಅಕೆಲ್ಲ ಮತ್ತು ಕೊಂಡ ಎಂಬ ಎರಡು ಮನೆಹೆಸರುಗಳ ನಡುವಿನ ವ್ಯಾಜ್ಯದಲ್ಲಿ, ಪತಿ ತೀರಿಕೊಂಡ ಮೇಲೆ ಮರುಮದುವೆಯಾದ ತಾಯಿಯೇ ಮಗುವಿನ ಸಹಜ ಪಾಲಕಳಾದ್ದರಿಂದ ಮಗುವಿಗೆ ಯಾವ ಮನೆತನದ ಹೆಸರಿರಬೇಕೆಂಬುದನ್ನು ಅವಳೇ ನಿರ್ಧರಿಸಬಹುದೆಂದು ಅದೇ ನ್ಯಾಯಾಲಯ 2022ರ ಜುಲೈನಲ್ಲಿ ಹೇಳಿತು.