ಗೊಂದಲಿಗರ ಹಾಡಿಗೆ ವಾರಸುದಾರರು ಯಾರು?

ನಮ್ಮ ಸೋಲೂರು ಸೀಮೆಯಲ್ಲಿ ‘ಗೊಂದಲ’ ಎಂದರೆ ಗಲಿಬಿಲಿ. ಬಾಗಲಕೋಟೆಯ ಕಡೆ ಕೇಳಿ ನೋಡಿ, ಅಲ್ಲಿ ಅದು ದೇವಿಯ ಹೆಸರಿನಲ್ಲಿ ರಾತ್ರಿಯಿಡೀ ನಡೆಯುವ ಹಾಡು-ಕಥೆಗಳ ಸೇವೆ. ಮದುವೆಯಂಥ ಶುಭಕಾರ್ಯ ಮುಗಿದ ಮೇಲೆ ಅಂಬಾಭವಾನಿಯನ್ನೋ ಎಲ್ಲಮ್ಮನನ್ನೋ ನೆನೆದು ಗೊಂದಲ ಹಾಕಿಸುವುದು ಆ ಸೀಮೆಯ ಅನೇಕ ಮನೆತನಗಳ ವಾಡಿಕೆ. ಮುಖ್ಯ ಗಾಯಕ ಕಥೆ ಹೇಳುತ್ತಾನೆ; ಜೊತೆಗಾರ ನಡುನಡುವೆ ಪ್ರಶ್ನೆ ಹಾಕಿ, ಹೂಂಗುಟ್ಟಿ, ನಗಿಸಿ ಕಥೆಯನ್ನು ಮುಂದಕ್ಕೆ ತಳ್ಳುತ್ತಾನೆ. ಸಂಬಾಳ, ಚೌಡಿಕೆ, ತುಂತುಣಿ, ತಾಳ ಇವರ ವಾದ್ಯಗಳು.

ಈ ಪರಂಪರೆಯ ಹಿರಿಯ ದನಿ ಬಾಗಲಕೋಟೆಯ ವೆಂಕಪ್ಪ ಅಂಬಾಜಿ ಸುಗತೇಕರ. ಅಲೆಮಾರಿ ಗೊಂದಲಿ ಸಮುದಾಯದಲ್ಲಿ ಹುಟ್ಟಿದ ಅವರಿಗೆ 2025ರಲ್ಲಿ ಪದ್ಮಶ್ರೀ ಘೋಷಣೆಯಾದಾಗ ವಯಸ್ಸು 81. ಅವರು ಹಾಡಿದ ಹಾಡುಗಳು 1,000ಕ್ಕೂ ಹೆಚ್ಚು, ಹೇಳಿದ ಕಥೆಗಳು 150ಕ್ಕೂ ಹೆಚ್ಚು. ಜನ ಅವರನ್ನು ‘ಗೊಂದಲಿ ಭೀಷ್ಮ’ ಎಂದು ಕರೆದರು. ಮೇಷ್ಟರಾದ ನನಗೆ ಇವೆಲ್ಲಕ್ಕಿಂತ ದೊಡ್ಡದಾಗಿ ಕಂಡದ್ದು ಬೇರೆ: ಸಾವಿರಕ್ಕೂ ಹೆಚ್ಚು ಮಂದಿಗೆ ಅವರು ಒಂದು ಪೈಸೆಯನ್ನೂ ಪಡೆಯದೆ ಈ ವಿದ್ಯೆ ಕಲಿಸಿದ್ದಾರೆ.

ಚೌಡಿಕೆಯನ್ನೇ ನೋಡಿ. ಟೊಳ್ಳು ಕೊಳಗಕ್ಕೆ ತಳದಲ್ಲಿ ಚರ್ಮ, ಆ ಚರ್ಮಕ್ಕೆ ಬಿಗಿದ ಒಂದು ತಂತಿ. ತೆಳುವಾದ ತಂತಿ ತಾನೊಂದೇ ಅಲುಗಿದರೆ ದನಿ ಕ್ಷೀಣ. ಅದರ ಕಂಪನ ಚರ್ಮಕ್ಕೆ ಸಾಗಿದಾಗ ಹೆಚ್ಚು ಗಾಳಿ ಅಲುಗಿ ದನಿ ಬಯಲಿಗೆಲ್ಲ ಕೇಳಿಸುತ್ತದೆ. ಕಲೆಯೂ ಹಾಗೆಯೇ. ಒಂದೇ ಮನೆತನದ ತಂತಿಯಲ್ಲಿ ಉಳಿದರೆ ಅದರ ಸದ್ದು ಎಷ್ಟು ದೂರ ಹೋದೀತು?

ಒಮ್ಮೆ ‘ಶಬ್ದ’ ಪಾಠ ಮಾಡುವಾಗ, ಯಾರ ಮನೆಯಲ್ಲಿ ವಾದ್ಯವಿದೆ ಎಂದು ಕೇಳಿದೆ. ಒಬ್ಬರೂ ಕೈ ಎತ್ತಲಿಲ್ಲ. ಗಂಟೆ ಹೊಡೆದ ಮೇಲೆ ಒಬ್ಬ ಹುಡುಗ ಹಿಂದುಳಿದ.

“ನಮ್ಮ ತಾತ ತಮಟೆ ಬಡೀತಾರೆ ಸಾ.”

“ಆಗಲೇ ಯಾಕೋ ಹೇಳಲಿಲ್ಲ?”

“ನಗ್ತಾರೆ ಸಾ.”

ಮರುದಿನ ತಮಟೆ ತರಿಸಿದೆ. ಬಾರಿಸುವ ಮೊದಲು ಅದನ್ನು ಬೆಂಕಿಗೆ ಹಿಡಿಯುವುದೇಕೆ ಎಂದು ತರಗತಿಯನ್ನು ಕೇಳಿದೆ. “ಕಾಯಿಸದಿದ್ರೆ ದನಿ ಏಳಲ್ಲ ಸಾ” ಎಂದ ಅದೇ ಹುಡುಗ. ತೇವ ಆರಿ ಚರ್ಮ ಬಿಗಿಯಾಗುತ್ತದೆ, ಬಿಗಿತ ಹೆಚ್ಚಿದರೆ ಸ್ಥಾಯಿ ಏರುತ್ತದೆ ಎಂದು ನಾನು ವಿವರಿಸಿದೆ, ಅಷ್ಟೆ. ಅವನ ತಾತನಿಗೆ ಅದು ಕೈಯಿಂದಲೇ ತಿಳಿದಿತ್ತು. “ನೀನೂ ಕಲೀತೀಯೇನೋ?” ಎಂದಾಗ ಮಾತ್ರ ಹುಡುಗ ತಲೆ ತಗ್ಗಿಸಿದ.

ಅವನದು ತಪ್ಪಲ್ಲ. ಇಂಥ ಮನೆಗಳಲ್ಲಿ ಹಾಡು, ವಾದ್ಯದ ಜೊತೆಗೆ ಅವಮಾನವೂ ಪಿತ್ರಾರ್ಜಿತವಾಗಿ ಬಂದಿದೆ. ಎಚ್.ಎಲ್. ನಾಗೇಗೌಡರು ಕಟ್ಟಿದ ರಾಮನಗರದ ಜಾನಪದ ಲೋಕಕ್ಕೆ ಮಕ್ಕಳನ್ನು ಕರೆದೊಯ್ದರೆ ಹಳೆಯ ವಾದ್ಯಗಳನ್ನು ಕಣ್ಣಾರೆ ನೋಡಬಹುದು. ಆದರೆ ಅವುಗಳನ್ನು ಬಾರಿಸುವ ಕೈಗಳನ್ನು ಗಾಜಿನ ಪೆಟ್ಟಿಗೆಯಲ್ಲಿಟ್ಟು ಉಳಿಸಲಾಗದು. ಕಲಿಯಬಂದವರಿಗೆಲ್ಲ ಬಾಗಿಲು ತೆರೆದ ಸುಗತೇಕರರ ದಾರಿಯೇ ದಾರಿ. ಆ ತಾತನನ್ನು ಒಂದು ದಿನ ಶಾಲೆಗೆ ಕರೆದು, ಕುರ್ಚಿ ಹಾಕಿ ಕೂರಿಸಿ, ಪಾಠ ಹೇಳಿಸಬೇಕೆಂದಿದ್ದೇನೆ. ಆಗಲಾದರೂ ಮೊಮ್ಮಗ ತಲೆ ಎತ್ತಿಯಾನು.