ತೀರ್ಪು ಬಂದ ಮೇಲೂ ಕೇಳಿದ ಪ್ರಶ್ನೆ

ಒಂದು ಡಾಕ್ಯುಮೆಂಟರಿ ಜೈಲಿನ ಬಾಗಿಲು ತೆಗೆಸಬಹುದಾ? ತೆಗೆಸಿದೆ. ಹೇಗೆ ಅಂತ ನೋಡೋಣ.

ಅಮೆರಿಕದ ಡಲ್ಲಾಸ್, 1976ರ ನವೆಂಬರ್. ರಾತ್ರಿ ಹೆಡ್‌ಲೈಟ್ ಹಾಕದೆ ಹೋಗ್ತಿದ್ದ ಕಾರನ್ನ ಪೊಲೀಸ್ ಅಧಿಕಾರಿ ರಾಬರ್ಟ್ ವುಡ್ ತಡೆದರು. ಒಳಗಿಂದ ಗುಂಡು ಹಾರಿತು, ವುಡ್ ಪ್ರಾಣ ಬಿಟ್ಟರು. ಕಾರು ಕದ್ದವನು 16 ವರ್ಷದ ಡೇವಿಡ್ ಹ್ಯಾರಿಸ್. ಪೊಲೀಸನನ್ನ ಕೊಂದೆ ಅಂತ ಗೆಳೆಯರ ಮುಂದೆ ಜಂಬ ಕೊಚ್ಚಿಕೊಂಡಿದ್ದ. ಸಿಕ್ಕಿಬಿದ್ದಾಗ ಮಾತ್ರ, ಗುಂಡು ಹೊಡೆದದ್ದು ಅವತ್ತಷ್ಟೇ ಪರಿಚಯವಾಗಿದ್ದ ರ‍್ಯಾಂಡಲ್ ಆಡಮ್ಸ್ ಅಂದ. ಜ್ಯೂರಿ ನಂಬಿತು. 1977ರಲ್ಲಿ ಆಡಮ್ಸ್‌ಗೆ ಮರಣದಂಡನೆ. 1979ರಲ್ಲಿ ಶಿಕ್ಷೆಗೆ ಮೂರೇ ದಿನ ಬಾಕಿ ಇದ್ದಾಗ ಸುಪ್ರೀಂ ಕೋರ್ಟಿನ ತಡೆ ಬಂತು. ಆಮೇಲೆ ಅದು ಜೀವಾವಧಿಯಾಯ್ತು.

ನಿರ್ದೇಶಕ ಎರಲ್ ಮಾರಿಸ್ ಅಲ್ಲಿಗೆ ಹೋಗಿದ್ದು ಆಡಮ್ಸ್‌ಗಾಗಿ ಅಲ್ಲ. ಈತ ಮುಂದೆಯೂ ಅಪಾಯಕಾರಿ ಅಂತ ಕೋರ್ಟಲ್ಲಿ ಸಾಕ್ಷಿ ಹೇಳಿ ಗಲ್ಲಿಗೆ ದಾರಿ ಮಾಡಿಕೊಡ್ತಿದ್ದ ಮನೋವೈದ್ಯ ಜೇಮ್ಸ್ ಗ್ರಿಗ್ಸನ್ ಬಗ್ಗೆ ಚಿತ್ರ ಮಾಡೋಕೆ. ಆತನ ಸಾಕ್ಷ್ಯದಿಂದ ಶಿಕ್ಷೆಯಾದವರನ್ನ ಮಾತಾಡಿಸುವಾಗ ಆಡಮ್ಸ್ ಸಿಕ್ಕರು. ಹಿಂದೆ ಖಾಸಗಿ ಪತ್ತೇದಾರನಾಗಿದ್ದ ಮಾರಿಸ್ ಕಡತ ಓದಿದರು. ಲೆಕ್ಕ ತಾಳೆಯಾಗಲಿಲ್ಲ. ಹುಟ್ಟಿದ್ದು ‘ದಿ ಥಿನ್ ಬ್ಲೂ ಲೈನ್’, 1988ರಲ್ಲಿ.

ಈ ಚಿತ್ರದ ಶಕ್ತಿ ಎಲ್ಲಿದೆ? ಮೊದಲನೆಯದು, ತಾಳ್ಮೆ. ಮಾರಿಸ್ ಅಡ್ಡ ಮಾತಾಡದೆ ಕೇಳಿಸಿಕೊಂಡರು. ಮಾತಿನ ಮಧ್ಯೆ ಒಬ್ಬ ಪ್ರತ್ಯಕ್ಷ ಸಾಕ್ಷಿ, ಗುರುತು ಪತ್ತೆಯ ವೇಳೆ ತಾನು ಬೇರೆಯವನನ್ನ ತೋರಿಸಿದ್ದೆ, ಸರಿಯಾದವನು ಯಾರು ಅಂತ ಪೊಲೀಸರೇ ಹೇಳಿದ್ರು ಅಂತ ಕ್ಯಾಮೆರಾ ಮುಂದೆ ಬಾಯಿಬಿಟ್ಟರು. ಎರಡನೆಯದು, ಮರುಸೃಷ್ಟಿ. ಸುದ್ದಿವಾಹಿನಿಯ ಮರುಸೃಷ್ಟಿ ಹೆಚ್ಚಾಗಿ ‘ಹೀಗೇ ನಡೀತು’ ಅನ್ನುತ್ತೆ. ಮಾರಿಸ್ ಅದೇ ಗುಂಡೇಟನ್ನ ಒಬ್ಬೊಬ್ಬರು ಹೇಳಿದ ಹಾಗೆ ಮತ್ತೆ ಮತ್ತೆ ತೋರಿಸಿದರು. ಇಷ್ಟೊಂದು ಕತೆ ಇದ್ದಾಗ ಅನುಮಾನಕ್ಕೆ ಜಾಗವೇ ಇಲ್ಲ ಅನ್ನೋದು ಹೇಗೆ? ಪ್ರಶ್ನೆ ನೋಡುಗನ ತಲೆಯಲ್ಲೇ ಹುಟ್ಟುತ್ತೆ.

ಹಾಗಂತ ಸಿನಿಮಾ ಯಾರನ್ನೂ ಬಿಡುಗಡೆ ಮಾಡಲ್ಲ. ಅದು ಕೋರ್ಟಿನ ಕೆಲಸ. ಚಿತ್ರದಿಂದ ಹೊರಬಂದದ್ದನ್ನ ವಕೀಲರು ಸಾಕ್ಷ್ಯವಾಗಿ ಮಂಡಿಸಿದರು. ಹ್ಯಾರಿಸ್ ತನ್ನ ಹಳೇ ಹೇಳಿಕೆ ಹಿಂದೆಗೆದುಕೊಂಡ. 1989ರಲ್ಲಿ ಟೆಕ್ಸಸ್‌ನ ಮೇಲ್ಮನವಿ ನ್ಯಾಯಾಲಯ ಶಿಕ್ಷೆ ರದ್ದು ಮಾಡಿತು. 12 ವರ್ಷ ಕಳೆದುಕೊಂಡ ಆಡಮ್ಸ್‌ಗೆ ಸರ್ಕಾರದಿಂದ ಒಂದು ರೂಪಾಯಿ ಪರಿಹಾರವೂ ಸಿಗಲಿಲ್ಲ.

ನಮ್ಮಲ್ಲೂ 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ, ಶೋಧ ಮತ್ತು ಜಪ್ತಿಯ ವಿಡಿಯೊ ಕಡ್ಡಾಯ ಮಾಡಿದೆ. ಒಳ್ಳೇದೇ. ಆದರೆ ವಿಡಿಯೊ ಇದ್ದರೆ ಸಾಲದು, ಅದನ್ನ ನೋಡಿ ಪ್ರಶ್ನೆ ಕೇಳೋರೂ ಬೇಕು. ಟಿವಿಯಲ್ಲಿ ಆರೋಪಿಯ ಮುಖ ಕಂಡ ಕೂಡಲೇ ‘ಇವನೇ’ ಅನ್ನುವ ಮುಂಚೆ ಒಂದು ಕ್ಷಣ ತಡೀರಿ. ಡಲ್ಲಾಸ್‌ನಲ್ಲಿ ಜ್ಯೂರಿಯಲ್ಲಿ ಕೂತಿದ್ದವರೂ ನಮ್ಮ ನಿಮ್ಮಂಥ ಜನರೇ.