ಮಡಿಕೇರಿಯಲ್ಲಿ ಒಂದು ದಿನದ ಸಂಚಾರ

ಮಡಿಕೇರಿಯ ಪ್ರಾಚೀನ ಸ್ಥಳಗಳನ್ನು ಒಂದೇ ದಿನದಲ್ಲಿ ನೋಡಲಿಚ್ಛಿಸುವವರು, ಚರಿತ್ರೆಯನ್ನು ಬಲ್ಲ ಮಾರ್ಗದರ್ಶಕರೊಬ್ಬರನ್ನು ಕೂಡಿಕೊಂಡು, ಬೆಳಿಗ್ಗೆ ಕೋಟೆಯಿಂದಲೇ ಹೊರಡತಕ್ಕದ್ದು. ಮುದ್ದುರಾಜನು 1681ರಲ್ಲಿ ರಾಜಧಾನಿಯನ್ನಾಗಿ ಮಾಡಿಕೊಂಡ ಊರಿದು. ಕೋಟೆಯೊಳಗಿನ ಗಾರೆಯ ಆನೆಗಳೆರಡೂ ನಿಜವಾದ ಆನೆಗಳಷ್ಟೇ ಎತ್ತರವಾಗಿವೆ. ಕಿರಿಯ ಬಾಲಿಕೆಯರನ್ನು ಅಲ್ಲಿಂದ ಮುಂದಕ್ಕೆ ನಡೆಯಿಸುವುದೇ ಕಷ್ಟ. ಸಮೀಪದ ಸೇಂಟ್ ಮಾರ್ಕ್ಸ್ ದೇವಾಲಯವು ಈಗ ವಸ್ತುಸಂಗ್ರಹಾಲಯವಾಗಿದೆ. ಲಿಂಗರಾಜೇಂದ್ರನು 1820ರಲ್ಲಿ ಕಟ್ಟಿಸಿದ ಓಂಕಾರೇಶ್ವರ ಗುಡಿಯನ್ನು ದಾರಿಯಲ್ಲಿಯೇ ನೋಡಬಹುದು.

ಹೆಚ್ಚು ಹೊತ್ತು ನಿಲ್ಲಬೇಕಾದುದು ಗದ್ದಿಗೆಯಲ್ಲಿಯೆಂದು ನಾವು ಹೇಳುವೆವು. ಗುಮ್ಮಟಗಳನ್ನು ದೂರದಿಂದ ಕಂಡವರು ಮಸೀದಿಯೆಂದು ಭ್ರಮಿಸುವರು; ಒಳಗೆ ಮಲಗಿರುವವರಾದರೋ ವೀರಶೈವ ಅರಸರು. ದೊಡ್ಡ ವೀರರಾಜೇಂದ್ರನೂ ಅವನ ತಮ್ಮನಾದ ಲಿಂಗರಾಜೇಂದ್ರನೂ ಇಲ್ಲಿ ನೆರೆಹೊರೆಯವರು. ಗಂಡುಸಂತಾನವಿಲ್ಲದ ಅಣ್ಣನು ತನ್ನ ಮಗಳು ದೇವಮ್ಮಾಜಿಗೇ ಪಟ್ಟವೆಂದು ಗೊತ್ತುಮಾಡಿದ್ದನು. 1809ರಲ್ಲಿ ಅವನು ತೀರಿಕೊಂಡಾಗ ಅದು ಆ ಬಾಲೆಗೆ ಬಂದಿತು. 1811ರಲ್ಲಿ ರಾಜ್ಯವು ಚಿಕ್ಕಪ್ಪನ ಪಾಲಾಯಿತು. ಮಾರ್ಗದರ್ಶಕರು ಅರಸರ ಪರಾಕ್ರಮಗಳನ್ನೇ ವರ್ಣಿಸುತ್ತ ಹೋದರೆ, ನಮ್ಮ ವಿದ್ಯಾರ್ಥಿನಿಯರು ಅವರನ್ನು ತಡೆದು ದೇವಮ್ಮಾಜಿಯ ವೃತ್ತಾಂತವನ್ನು ಕೇಳಬೇಕು. ಆ ಗುಮ್ಮಟಗಳ ನಡುವೆ ನಿಂತು ಕೇಳಿದ್ದು ಪುಸ್ತಕದಲ್ಲಿ ಓದಿದ್ದಕ್ಕಿಂತ ಚೆನ್ನಾಗಿ ಮನಸ್ಸಿಗೆ ನಾಟುವುದು.

ಸೂರ್ಯಾಸ್ತಕ್ಕೆ ಅರ್ಧ ಗಂಟೆ ಮುಂಚೆ ರಾಜಾಸೀಟನ್ನು ಸೇರಬೇಕು. ಮಳೆಗಾಲದಲ್ಲಾದರೆ ಅಲ್ಲಿ ಮಂಜಲ್ಲದೆ ಮತ್ತೇನೂ ಕಾಣದು.